ವಿಶ್ವಸುಂದರಿ ಸ್ಪರ್ಧೆಗೆಂದು ಹೊರಟ ಫೋಟೋ

ಹಂಪನಕಟ್ಟೆಯಲ್ಲಿ ಲಿಗೋರಿಯವರ ಫೋಟೋ ಸ್ಟುಡಿಯೋ ನಡೆಯುತ್ತಿದ್ದ ಕಾಲದಲ್ಲಿ ಮಂಗಳೂರಿನ ಮದುವೆ ಪ್ರಾಯದ ಹುಡುಗಿಯರಲ್ಲಿ ಅರ್ಧಕ್ಕರ್ಧ ಜನ ಬೆಳ್ಳಗಾದದ್ದು ತಾರಾನಾಥ ಆಳ್ವರ ಕೈಯಲ್ಲಿ. ದೇವರು ಒಂದು ಬಣ್ಣ ಕೊಟ್ಟಿರುತ್ತಿದ್ದ, ಆಳ್ವರು ಇನ್ನೊಂದು ಕೊಡುತ್ತಿದ್ದರು. ಗಂಡಿನ ಕಡೆಯವರು ಆಳ್ವರ ಬಣ್ಣ ನೋಡಿ ಬಸ್ಸು ಹತ್ತಿ ಬರುತ್ತಿದ್ದರು. ಬಂದಮೇಲಿನದ್ದು ಅವರವರ ಹಣೆಬರಹ, ಅದಕ್ಕೂ ಸ್ಟುಡಿಯೋಕ್ಕೂ ಸಂಬಂಧವಿರಲಿಲ್ಲ.

ಸ್ಟುಡಿಯೋದ ಹಿಂದಿನ ಕೋಣೆಯಲ್ಲಿ ಕಿಟಕಿಗೆ ಮುಖಮಾಡಿದ ಒಂದು ಇಳಿಜಾರು ಮೇಜು. ಅದರ ನಡುವೆ ಗಾಜು. ಗಾಜಿನ ಮೇಲೆ ನೆಗೆಟಿವ್ ಇಟ್ಟು, ಸೂಜಿಯ ಹಾಗೆ ಹೆರೆದ ಪೆನ್ಸಿಲಿನಿಂದ ಕಣ್ಣಿಗೂ ಕಾಣದಂಥ ಗೆರೆಗಳನ್ನು ಎಳೆಯುವುದು ಆಳ್ವರ ಕೆಲಸ. ನೆಗೆಟಿವ್‌ನಲ್ಲಿ ಲೋಕವೆಲ್ಲ ತಿರುಗುಮುರುಗು. ಅಲ್ಲಿ ಕಪ್ಪು ತುಂಬಿದಷ್ಟೂ ಕಾಗದದ ಮೇಲೆ ಮುಖ ಬೆಳ್ಳಗೆ ಬರುತ್ತದೆ. ಸಿಡುಬಿನ ಕಲೆ, ಕಣ್ಣಿನ ಕೆಳಗಿನ ಕಪ್ಪು, ಕೆನ್ನೆಯ ಮಚ್ಚೆ ಎಲ್ಲವೂ ಅವರ ಪೆನ್ಸಿಲಿನ ಕೆಳಗೆ ಮಾಯವಾಗುತ್ತಿದ್ದವು.

ಆದರೆ ಸಿಕ್ಕಿದ್ದಕ್ಕೆಲ್ಲ ಕೈ ಹಾಕುವವರು ಅವರಲ್ಲ. ಅವರ ಲೆಕ್ಕದಲ್ಲಿ ಫೋಟೋಗಳು ಎರಡೇ ಜಾತಿ. ಒಂದು ಸರಕಾರಕ್ಕೆ ಹೋಗುವುದು, ಇನ್ನೊಂದು ಗಂಡಿನ ಮನೆಗೆ ಹೋಗುವುದು. ಸರಕಾರದ್ದನ್ನು ಮುಟ್ಟುವ ಹಾಗಿಲ್ಲ, ಗಂಡಿನ ಮನೆಯದ್ದನ್ನು ಮುಟ್ಟದೆ ಕಳಿಸುವ ಹಾಗಿಲ್ಲ. ಬಂದರಿನ ಮೀನು ವ್ಯಾಪಾರಿ ಹಸನಬ್ಬ ದುಬಾಯಿಗೆ ಹೊರಟಾಗ ಪಾಸ್‌ಪೋರ್ಟ್ ಫೋಟೋ ತೆಗೆಸಿಕೊಂಡು, "ಆಳ್ವರೇ, ನನ್ನನ್ನೂ ಸ್ವಲ್ಪ ಬೆಳ್ಳಗೆ ಮಾಡಿ ಮಾರಾಯ್ರೆ" ಎಂದು ಕೇಳಿಕೊಂಡಿದ್ದ. "ಮಾಡ್ತೇನೆ. ಆಮೇಲೆ ಅಲ್ಲಿ ಇಳಿದ ಕೂಡಲೇ ಇವ ಬೇರೆ ಯಾರೋ ಅಂತ ವಾಪಸು ಕಳಿಸ್ತಾರೆ, ಅಡ್ಡಿಯಿಲ್ವಾ?" ಎಂದರು ಆಳ್ವರು. ಹಸನಬ್ಬ ಇದ್ದ ಬಣ್ಣದಲ್ಲೇ ದುಬಾಯಿಗೆ ಹೋದ.

ಆಳ್ವರ ಮನೆ ಕುಲಶೇಖರದಲ್ಲಿ. ಒಂದು ಕಾಲಕ್ಕೆ ಗೇಣಿಯ ಭತ್ತ ಅಂಗಳದಲ್ಲಿ ಬಂದು ಬೀಳುತ್ತಿದ್ದ ಕುಟುಂಬ ಅದು. ಭೂಮಸೂದೆ ಬಂದು ಗದ್ದೆಗಳು ಉಳುವವರ ಪಾಲಾದಮೇಲೆ ಉಳಿದದ್ದು ಮನೆ ಮತ್ತು ಹೆಸರಿನ ಮುಂದಿನ ಆಳ್ವ ಮಾತ್ರ. ಮನೆಯಲ್ಲಿ ಅವರ ಅಕ್ಕ ಗುಣವತಿ ಮತ್ತು ಅಕ್ಕನ ಮಗಳು ಶಶಿಪ್ರಭಾ. ಭಾವ ತೀರಿಹೋಗಿ ಎಷ್ಟೋ ಕಾಲವಾಗಿತ್ತು, ಆಳ್ವರು ಮದುವೆಯ ಗೊಡವೆಗೆ ಹೋದವರಲ್ಲ. ತಾಯಿಯ ಕಡೆಯಿಂದ ವಂಶ ನಡೆಯುವ ಅಳಿಯಕಟ್ಟಿನ ಮನೆಯಾದ್ದರಿಂದ ಶಶಿಪ್ರಭಾಳಿಗೆ ಸೋದರಮಾವನ ಮಾತೇ ಕೊನೆಯ ಮಾತು. ಆದರೆ ನಿಜ ಹೇಳಬೇಕೆಂದರೆ ಮಾವನಿಗೇ ಅವಳ ಮಾತು ಕೊನೆಯ ಮಾತಾಗಿತ್ತು.

ಶಶಿಪ್ರಭಾ ಎಣ್ಣೆಗಪ್ಪು ಬಣ್ಣದ ಹುಡುಗಿ. ನೀಳ ಕತ್ತು, ಎತ್ತರದ ನಿಲುವು, ಕಾಲೇಜಿನ ತ್ರೋಬಾಲ್ ತಂಡದ ಕ್ಯಾಪ್ಟನ್. ಅವಳು ನಡೆದುಬಂದರೆ ಬಸ್‌ಸ್ಟ್ಯಾಂಡಿನಲ್ಲಿ ಮಾತು ನಿಲ್ಲುತ್ತಿತ್ತು. "ಇವಳಷ್ಟು ಚಂದದವರು ನಮ್ಮ ಕುಟುಂಬದಲ್ಲೇ ಹುಟ್ಟಿಲ್ಲ" ಎಂದು ಆಳ್ವರು ಬಂದವರಿಗೆಲ್ಲ ಹೇಳಿ ಹೇಳಿ, ಅವಳು ಅದನ್ನು ನಂಬಿಯೇ ಬೆಳೆದಿದ್ದಳು. ಅವರೂ ಹಾಗೆ ನಂಬಿಯೇ ಹೇಳಿದ್ದು.

ಸಾವಿರದ ಒಂಬೈನೂರ ಎಪ್ಪತ್ತಾರರ ಆರಂಭದಲ್ಲಿ ಅವಳು ಕಾಲೇಜಿನ ವಾಚನಾಲಯದ ಯಾವುದೋ ಇಂಗ್ಲಿಷ್ ಪತ್ರಿಕೆಯಲ್ಲಿ ಒಂದು ಜಾಹೀರಾತು ನೋಡಿಬಂದಳು. ಮುಂಬಯಿಯ ಪೌಡರ್ ಕಂಪೆನಿಯೊಂದು ಫೋಟೋ ನೋಡಿ ಹುಡುಗಿಯರನ್ನು ಕರೆಸುತ್ತದೆಯಂತೆ. ಅಲ್ಲಿ ಆಯ್ಕೆಯಾದವರಿಗೆ ತರಬೇತಿ ಕೊಟ್ಟು, ಮುಂದೆ ವಿಶ್ವಸುಂದರಿ ಸ್ಪರ್ಧೆಗೆ ದೇಶದಿಂದ ಹೋಗುವವಳನ್ನು ಆರಿಸುವಲ್ಲಿಗೆ ಕಳಿಸುತ್ತದೆಯಂತೆ.

ಗುಣವತಿ ಹೌಹಾರಿದರು. "ಹತ್ತು ಜನರ ಎದುರು ಮೈಯಳತೆ ಕೊಡ್ಲಿಕ್ಕೆ ನಮ್ಮ ಮನೆಯ ಹುಡುಗಿ ಹೋಗುವುದಾ? ತಾರಾನಾಥ, ನೀನಾದರೂ ಹೇಳು."

ಆಳ್ವರು ಹೇಳಿದ್ದೇ ಬೇರೆ. "ಅರುವತ್ತಾರರಲ್ಲಿ ನಮ್ಮ ದೇಶಕ್ಕೆ ಆ ಕಿರೀಟ ತಂದವಳು ಡಾಕ್ಟರ್ ಓದುವ ಹುಡುಗಿ ಅಕ್ಕ. ಮರ್ಯಾದೆಸ್ಥರೇ ಹೋಗುವ ಜಾಗ ಅದು. ಅವಳ ನಂತರ ಹತ್ತು ವರ್ಷದಿಂದ ಒಬ್ಬಳಿಗೂ ಸಿಗಲಿಲ್ಲ. ಇವಳು ಹೋಗಲಿ."

ಅವರು ಸುಮ್ಮನೆ ಹೇಳಿದ್ದಲ್ಲ. ಆ ಹುಡುಗಿ ಗೆದ್ದ ಸುದ್ದಿ ಬಂದಂದಿನಿಂದ ಪ್ರತಿ ವರ್ಷ ನವೆಂಬರಿನಲ್ಲಿ, ಬೇರೆಯವರು ಕ್ರಿಕೆಟ್ ಸ್ಕೋರು ನೋಡುವ ಹಾಗೆ, ಆಳ್ವರು ನಮ್ಮ ದೇಶದ ಹುಡುಗಿ ಎಲ್ಲಿಯವರೆಗೆ ಬಂದಳು ಎಂದು ಪತ್ರಿಕೆಯಲ್ಲಿ ಹುಡುಕುತ್ತಿದ್ದರು. ಮುಖಗಳ ಜೊತೆಗೇ ಬದುಕುವ ಮನುಷ್ಯನಿಗೆ ಅಷ್ಟೊಂದು ಹುಚ್ಚು ಇರುವುದು ತಪ್ಪಲ್ಲ. ಈಗ ಆ ಕಿರೀಟ ತಮ್ಮ ಮನೆಯ ಬಾಗಿಲಿಗೇ ಬಂದು ನಿಂತಂತಾಗಿ ಅವರಿಗೆ ಊಟ ಸೇರದಾಯಿತು.

ಲಿಗೋರಿಯವರು ತಾವೇ ಫೋಟೋ ತೆಗೆದರು. ನೆಗೆಟಿವ್ ತೊಳೆದು ಬೆಳಕಿಗೆ ಹಿಡಿದು, "ಇದಕ್ಕೆ ಎಂತ ಮಾಡ್ಲಿಕ್ಕೂ ಇಲ್ಲ ಆಳ್ವರೇ. ಹಾಗೇ ಪ್ರಿಂಟ್ ಹಾಕುವ" ಎಂದರು.

"ಒಮ್ಮೆ ನಾನು ನೋಡ್ತೇನೆ" ಎಂದರು ಆಳ್ವರು.

ಅಷ್ಟೇ ಆದದ್ದು. ಮೇಜಿನ ಮುಂದೆ ಕೂತಾಗ ಅವರ ಮನಸ್ಸಿನಲ್ಲಿ ಕೆಟ್ಟದ್ದೇನೂ ಇರಲಿಲ್ಲ. ಹುಡುಗಿಯ ಫೋಟೋ, ಗುರುತಿಲ್ಲದವರು ನೋಡಿ ಒಪ್ಪಬೇಕಾದದ್ದು. ಅಂದಮೇಲೆ ಅದು ಗಂಡಿನ ಮನೆಯ ಜಾತಿಗೇ ಸೇರಿತು. ಕೈಗೆ ದಾರಿ ಗೊತ್ತಿತ್ತು, ಕೈ ಹೋಯಿತು. ಹಣೆ, ಕೆನ್ನೆ, ಮೂಗಿನ ಎರಡು ಬದಿ, ಕೊನೆಗೆ ಆ ನೀಳ ಕತ್ತು. ತಮ್ಮ ಜೀವಮಾನದಲ್ಲೇ ಅಷ್ಟು ಪ್ರೀತಿಯಿಂದ ಅವರು ಕೆಲಸ ಮಾಡಿದ್ದಿಲ್ಲ. ಬೆಳದಿಂಗಳಂಥ ಒಂದು ಮುಖ ಕಾಗದದ ಮೇಲೆ ಬಂತು. ಮದುವೆಗೆ ಕಳಿಸುವ ಫೋಟೋವನ್ನು ಹುಡುಗಿಗೆ ತೋರಿಸುವ ಕ್ರಮ ಇಲ್ಲವಾದ್ದರಿಂದ ಇದನ್ನೂ ಅವಳಿಗೆ ತೋರಿಸದೆ ಲಕೋಟೆಗೆ ಹಾಕಿ ಪೋಸ್ಟ್ ಮಾಡಿಬಂದರು.

ಮುಂಬಯಿಯಿಂದ ಕರೆ ಬಂತು. ಕುಲಶೇಖರದಲ್ಲಿ ಅವತ್ತು ಹಬ್ಬ. ಗುಣವತಿ ಸಹ ಮುನಿಸು ಬಿಟ್ಟು ಮಗಳಿಗೆ ಹೊಸ ರೇಷ್ಮೆ ಸೀರೆ ತೆಗೆದರು. ಮಾವ, ಸೊಸೆ ಇಬ್ಬರೂ ಮುಂಬಯಿ ಬಸ್ಸು ಹತ್ತಿದರು. ಮಾಟುಂಗದಲ್ಲಿ ಹೋಟೆಲು ನಡೆಸುತ್ತಿದ್ದ ದಾಯಾದಿ ಚಿತ್ತರಂಜನ ಉಳಿಯಲು ಜಾಗ ಕೊಟ್ಟು, ಬೆಳಗ್ಗೆ ಟ್ಯಾಕ್ಸಿಯಲ್ಲಿ ಕಂಪೆನಿಯ ಆಫೀಸಿಗೆ ಮುಟ್ಟಿಸಿ ಹೋದ.

ಒಳಗೆ ಕತ್ತರಿಸಿದ ಬಿಳಿಗೂದಲಿನ ಒಬ್ಬ ಹೆಂಗಸು ಕೂತಿದ್ದರು. ಮೇಜಿನ ಮೇಲೆ ಆಳ್ವರು ಕಳಿಸಿದ ಫೋಟೋ. ಆಕೆ ಫೋಟೋ ನೋಡಿದರು, ಶಶಿಪ್ರಭಾಳನ್ನು ನೋಡಿದರು, ಮತ್ತೆ ಫೋಟೋ ನೋಡಿ ಇಂಗ್ಲಿಷಿನಲ್ಲಿ ಏನೋ ಹೇಳಿದರು. ಆಳ್ವರಿಗೆ ಇಂಗ್ಲಿಷ್ ಅಷ್ಟಕ್ಕಷ್ಟೆ. ಶಶಿಪ್ರಭಾ ಬಗ್ಗಿ ಫೋಟೋ ನೋಡಿದಳು. ಅವಳು ಅದನ್ನು ನೋಡಿದ್ದು ಅದೇ ಮೊದಲು.

"ಎಂತ ಹೇಳ್ತಾರೆ ಮಗಾ?"

"ಇದು ಬೇರೆ ಹುಡುಗಿಯ ಫೋಟೋ ಅಂತ ಹೇಳ್ತಾರೆ ಮಾಮ. ಮೋಸ ಅಂತ ಹೇಳ್ತಾರೆ."

ಆಳ್ವರು ಮೇಜಿನ ಹತ್ತಿರ ಸರಿದರು. "ಅಲ್ಲ ಅಂತ ಹೇಳು. ನಿನ್ನದೇ ಅಂತ ಹೇಳು. ನಾನೇ ತಿದ್ದಿದ್ದು ಅಂತ ಹೇಳು."

ಅವಳು ಹೇಳಿದಳು. ಆ ಹೆಂಗಸು ಕನ್ನಡಕ ತೆಗೆದು ಆಳ್ವರ ಕಡೆ ತಿರುಗಿ ಒಂದೇ ಮಾತು ಕೇಳಿದರು. ಶಶಿಪ್ರಭಾ ಅದನ್ನು ಕನ್ನಡಕ್ಕೆ ತಿರುಗಿಸಿದಳು.

"ಯಾಕೆ ಅಂತ ಕೇಳ್ತಾರೆ."

ಆಳ್ವರು ಬಾಯಿ ತೆರೆದರು. ತಿದ್ದಿದ್ದು ಯಾಕೆ? ಆ ಪ್ರಶ್ನೆಯನ್ನು ಅಷ್ಟು ವರ್ಷಗಳಲ್ಲಿ ಯಾರೂ ಅವರನ್ನು ಕೇಳಿರಲಿಲ್ಲ. ಶಶಿಪ್ರಭಾ ಕಣ್ಣು ಕದಲಿಸದೆ ಅವರನ್ನೇ ನೋಡುತ್ತಿದ್ದಳು. ಉತ್ತರ ಬೇಕಾದದ್ದು ಆ ಹೆಂಗಸಿಗಲ್ಲ, ಇವಳಿಗೆ ಎಂದು ಅವರಿಗೆ ಅರ್ಥವಾಯಿತು.

ತಿದ್ದಿದ ಫೋಟೋ ನಡೆಯುವುದಿಲ್ಲ ಎಂಬುದು ಕಂಪೆನಿಯ ನಿಯಮವಂತೆ. ನಿಯಮ ನಿಯಮವೇ. ಹೊರಗೆ ಕಾಯುತ್ತಿದ್ದ ಮುಂದಿನ ಹುಡುಗಿಯನ್ನು ಕರೆದರು.

ವಾಪಸು ಬರುವ ಬಸ್ಸಿನಲ್ಲಿ ಶಶಿಪ್ರಭಾ ಅಳಲಿಲ್ಲ, ಬೈಯಲಿಲ್ಲ. ಚಾ ಕುಡಿಯಲು ಇಳಿದಾಗ "ಮಾಮ, ನಿಮಗೆ ಸಕ್ಕರೆ ಸಾಕಾ?" ಎಂದು ಎಂದಿನಂತೆ ಕೇಳಿದಳು. ಆಳ್ವರಿಗೆ ಅದೇ ತಡೆಯಲಾಗಲಿಲ್ಲ. ನಾಲ್ಕು ಬಿಗಿದಿದ್ದರೆ ಎಷ್ಟೋ ಸುಖವಿತ್ತು.

ಆ ವರ್ಷದ ನವೆಂಬರಿನಲ್ಲಿ ಪತ್ರಿಕೆಯಲ್ಲಿ ಒಂದು ಸುದ್ದಿ ಬಂತು. ದಕ್ಷಿಣ ಆಫ್ರಿಕದವರು ಬಿಳಿ ಹುಡುಗಿಯನ್ನೊಬ್ಬಳನ್ನೂ ಕಪ್ಪು ಹುಡುಗಿಯನ್ನೊಬ್ಬಳನ್ನೂ ಬೇರೆ ಬೇರೆಯಾಗಿ ಕಳಿಸಿದ್ದಾರೆ, ಬಣ್ಣ ನೋಡಿ ಜನರನ್ನು ಬೇರ್ಪಡಿಸುವುದನ್ನು ವಿರೋಧಿಸಿ ಭಾರತ ಮತ್ತು ಇನ್ನು ಕೆಲವು ದೇಶಗಳು ವಿಶ್ವಸುಂದರಿ ಸ್ಪರ್ಧೆಯಿಂದ ಹೊರಗೆ ಬಂದಿವೆ ಎಂದು. ಆಳ್ವರು ಅದನ್ನು ಓದಿ ಓದಿ, ಧೈರ್ಯ ಮಾಡಿ, ಅವಳು ದೋಸೆ ತಿನ್ನುತ್ತಿದ್ದಲ್ಲಿಗೆ ಪತ್ರಿಕೆ ತೆಗೆದುಕೊಂಡು ಹೋದರು. ಇದನ್ನು ನೆಪ ಮಾಡಿಕೊಂಡಾದರೂ ಒಂದು ಮಾತು ಆಡಬಹುದೆಂಬ ಆಸೆ.

ಅವಳು ಓದಿ ಮಡಚಿಟ್ಟಳು. "ಒಳ್ಳೆಯದಾಯ್ತು. ನಮ್ಮ ದೇಶಕ್ಕೆ ಸಿಟ್ಟು ಬರ್ಲಿಕ್ಕೆ ಆಫ್ರಿಕದವರು ಬೇಕಾಯ್ತು. ನಮಗೆ ಅಷ್ಟು ದೂರ ಹೋಗ್ಬೇಕಂತ ಇಲ್ಲ, ಅಲ್ವಾ ಮಾಮ?"

ಆಳ್ವರು ಪತ್ರಿಕೆ ಎತ್ತಿಕೊಂಡು ಕೆಲಸಕ್ಕೆ ಹೊರಟರು.

ಅವರು ಕೆಲಸ ಬಿಟ್ಟರೆಂದು ಹೇಳಿದರೆ ಕತೆ ಚಂದವಾಗುತ್ತಿತ್ತು. ಬಿಡಲಿಲ್ಲ. ಹೊಟ್ಟೆಪಾಡು. ಒಂದೆರಡು ಬಾರಿ ಹುಡುಗಿಯರ ತಾಯಂದಿರನ್ನು "ಹೀಗೇ ಇದ್ದರೆ ಆಗ್ಲಿಕ್ಕಿಲ್ವಾ?" ಎಂದು ಕೇಳಿ ನೋಡಿದರು. "ಮತ್ತೆ ನಾವು ಇಷ್ಟು ದೂರ ನಿಮ್ಮನ್ನು ಹುಡುಕಿಕೊಂಡು ಬಂದದ್ದು ಎಂತಕ್ಕೆ?" ಎಂದು ಅವರು ಮೂಗು ಮುರಿದರು. ಆಳ್ವರು ತಲೆ ತಗ್ಗಿಸಿ ಪೆನ್ಸಿಲು ಹೆರೆದರು. ಮೊದಲಿದ್ದ ಸಂತೋಷ ಮಾತ್ರ ಕೆಲಸದಲ್ಲಿ ಉಳಿಯಲಿಲ್ಲ.

ಶಶಿಪ್ರಭಾ ಮತ್ತೆಂದೂ ಲಿಗೋರಿಯವರ ಸ್ಟುಡಿಯೋದ ಮೆಟ್ಟಿಲು ಹತ್ತಲಿಲ್ಲ. ಬ್ಯಾಂಕಿನಲ್ಲಿ ಕೆಲಸ ಸಿಕ್ಕಿದಾಗ ಗುರುತಿನ ಚೀಟಿಯ ಫೋಟೋವನ್ನು ಬೇರೆ ಕಡೆ ತೆಗೆಸಿದಳು. ಮದುವೆಗೆ ಫೋಟೋ ಕಳಿಸುವುದೇ ಬೇಡ, ನೋಡಬೇಕಾದವರು ಬಂದು ನೋಡಲಿ ಎಂದು ಹಟ ಹಿಡಿದಳು. ಬಂದವರಲ್ಲಿ ಕೆಲವರು ಕಾಫಿ ಕುಡಿದು ಎದ್ದು ಹೋದರು. ಕೊನೆಗೆ ಜೊತೆಯಲ್ಲೇ ಕೆಲಸ ಮಾಡುತ್ತಿದ್ದ, ದಿನಾ ಅವಳನ್ನು ನೋಡುತ್ತಿದ್ದ ಮೋಹನದಾಸ ಹೆಗ್ಡೆ ತಾನಾಗಿ ಕೇಳಿಕೊಂಡು ಬಂದ. ಸೋದರಮಾವನಾಗಿ ನಿಂತು ಆಳ್ವರೇ ಎಲ್ಲ ಶಾಸ್ತ್ರ ನಡೆಸಿದರು. ಮದುವೆಯ ಫೋಟೋಗೆ ಬಂದವನು ಮಾತ್ರ ಬೇರೆ ಸ್ಟುಡಿಯೋದವನು. ಹಂಪನಕಟ್ಟೆಯ ಅಷ್ಟು ದೊಡ್ಡ ಕೈಚಳಕದ ಆಳ್ವರು ತಮ್ಮ ಮನೆಯ ಮದುವೆಯಲ್ಲಿ ಇನ್ನೊಬ್ಬನ ಕ್ಯಾಮೆರಾ ಎದುರು ನಿಂತದ್ದನ್ನು ಕಂಡು ನೆಂಟರು ತಮ್ಮೊಳಗೆ ಮಾತಾಡಿಕೊಂಡರು. ಆಳ್ವರಿಗೆ ಅವಮಾನಕ್ಕಿಂತ ದುಃಖ ಹೆಚ್ಚಾಯಿತು, ಆದರೆ ಅವಳದ್ದು ತಪ್ಪೆಂದು ಒಂದು ಗಳಿಗೆಯೂ ಅನ್ನಿಸಲಿಲ್ಲ.

ಅಷ್ಟರಲ್ಲಿ ಕಲರ್ ಫೋಟೋಗಳ ಕಾಲ ಬಂತು. ಕಲರ್ ನೆಗೆಟಿವ್‌ಗೆ ಆಳ್ವರ ಪೆನ್ಸಿಲು ನಡೆಯಲಿಲ್ಲ. ಲಿಗೋರಿಯವರು ಹಳೆಯ ಸ್ನೇಹಕ್ಕೆ ಅವರನ್ನು ಎದುರಿನ ಕೌಂಟರಿನಲ್ಲಿ ಕೂರಿಸಿದರು.

ಎಂಬತ್ತಮೂರರಲ್ಲಿ ಶಶಿಪ್ರಭಾ ಹೆರಿಗೆಗೆ ತಾಯಿಮನೆಗೆ ಬಂದಳು. ಹೆಣ್ಣುಮಗು. ಆಸ್ಪತ್ರೆಯಿಂದ ಮನೆಗೆ ಕರೆತಂದ ದಿನ ನೆರೆಹೊರೆಯ ಹೆಂಗಸರೆಲ್ಲ ನೆರೆದರು. ಹುಟ್ಟಿದ ಮಗುವಿನ ಬಣ್ಣ ಮುಂದೆ ಹೇಗಾಗುತ್ತದೆಂದು ತಿಳಿಯಲು ಕಿವಿಯ ಅಂಚು ನೋಡುವುದು ನಮ್ಮಲ್ಲಿ ವಾಡಿಕೆ. ಗುಣವತಿ ಮೊಮ್ಮಗಳ ಟೊಪ್ಪಿ ಸರಿಸಿ ಕಿವಿ ಮಡಚಿ ನೋಡಿದರು. ಪಕ್ಕದ ಮನೆಯ ಗುಲಾಬಿಯಕ್ಕ ತಾವೂ ಬಗ್ಗಿ ನೋಡಿ, "ಪರವಾಗಿಲ್ಲ, ಕಡಲೆಹಿಟ್ಟು ಹಚ್ಚಿ ಮೀಯಿಸಿದರೆ ಸ್ವಲ್ಪ ತಿಳಿಯಾದೀತು" ಎಂದು ಸಮಾಧಾನ ಹೇಳಿದರು. ಹಾಸಿಗೆಯ ಮೇಲಿದ್ದ ಶಶಿಪ್ರಭಾಳ ಮುಖ ಬಿಗಿಯಿತು.

ಬಾಗಿಲಲ್ಲಿ ನಿಂತಿದ್ದ ಆಳ್ವರು ಒಳಗೆ ಬಂದರು. ಬಾಣಂತಿಯ ಕೋಣೆಗೆ ಗಂಡಸರು ಹಾಗೆ ನುಗ್ಗುವುದಿಲ್ಲ. ಅಕ್ಕನ ಕೈಯಿಂದ ಮಗುವನ್ನು ಎತ್ತಿಕೊಂಡು ಟೊಪ್ಪಿಯನ್ನು ಕಿವಿಯ ಮೇಲೆ ಎಳೆದರು.

"ಕಿವಿ ನೋಡುವುದು ಬೇಡ ಅಕ್ಕ. ಈ ಮನೆಯಲ್ಲಿ ಯಾರೂ ಇನ್ನು ಕಿವಿ ನೋಡುವುದು ಬೇಡ."

ಆಳ್ವರು ಆ ದನಿಯಲ್ಲಿ ಮಾತಾಡಿದ್ದನ್ನು ಯಾರೂ ಕೇಳಿರಲಿಲ್ಲ. ಗುಲಾಬಿಯಕ್ಕ ಸೆರಗು ಸರಿಮಾಡಿಕೊಂಡು ಹೊರಗೆ ಹೋದರು. ಅವರ ಹಿಂದೆಯೇ ಉಳಿದವರೂ ಹೋದರು.

ಶಶಿಪ್ರಭಾ ಅವರನ್ನೇ ನೋಡುತ್ತಿದ್ದಳು. ಆಳ್ವರು ಮಗುವಿನೊಂದಿಗೆ ಹಾಸಿಗೆಯ ಹತ್ತಿರ ಬಂದರು. ಏಳು ವರ್ಷ ಒಳಗೊಳಗೇ ಜೋಡಿಸಿಟ್ಟಿದ್ದ ಮಾತುಗಳಲ್ಲಿ ಒಂದೂ ಸಮಯಕ್ಕೆ ಸಿಗಲಿಲ್ಲ.

"ನಿನ್ನಲ್ಲಿ ಕೊರತೆ ಕಂಡು ಮಾಡಿದ್ದಲ್ಲ ಮಗಾ" ಎಂದರು. "ನಾನು ನಿನ್ನನ್ನು ನೋಡಲೇ ಇಲ್ಲ. ನೋಡುವವರಿಗೆ ಹೆದರಿ, ಎದುರಿಗಿದ್ದ ನಿನ್ನನ್ನು ನೋಡದೆ ಹೋದೆ."

ಅವಳು ಮಗುವಿನ ಕಡೆ ನೋಡಿದಳು. ಮಗು ಅವರ ತೋಳಲ್ಲಿ ಆಕಳಿಸಿತು.

"ಈಗ ಇವಳನ್ನು ನೋಡಿ ಹೇಳಿ. ಯಾರ ಹಾಗೆ ಉಂಟು?"

ಆಳ್ವರು ಕನ್ನಡಕ ಒರೆಸಿಕೊಂಡು ಮಗುವಿನ ಮುಖವನ್ನು ನೋಡಿದರು. ಹಣೆ ನೋಡಿದರು, ಕೆನ್ನೆ ನೋಡಿದರು, ಮೂಗಿನ ಎರಡೂ ಬದಿ ನೋಡಿದರು. ಕಣ್ಣೀರು ಇಳಿದದ್ದು ಅವರಿಗೆ ಗೊತ್ತಾಗಲಿಲ್ಲ.

"ನಿನ್ನ ಹಾಗೆಯೇ. ಒಂದು ಗೆರೆ ಆಚೀಚೆ ಇಲ್ಲ."

ಶಶಿಪ್ರಭಾ ದಿಂಬಿಗೆ ಒರಗಿ ಕಣ್ಣು ಮುಚ್ಚಿದಳು. "ಹಾಗಾದ್ರೆ ಶಾಸ್ತ್ರ ಎಲ್ಲ ಮುಗಿದ ಮೇಲೆ ಲಿಗೋರಿಯವರಿಗೆ ಹೇಳಿ ಇಡಿ ಮಾಮ. ನನ್ನದೂ ಇವಳದ್ದೂ ಸೇರಿ ಒಂದು ಫೋಟೋ ತೆಗೆಯಬೇಕು."