ಸತ್ವ ಹೋದ ಹೈಪೊ

ನಾನು ತಿ. ನರಸೀಪುರದಲ್ಲಿ ಸ್ಟುಡಿಯೋ ಇಟ್ಟಿದ್ದೆ. ಕಪ್ಪು-ಬಿಳುಪು ಫೋಟೊ ಮಾಸದಂತೆ ಕಾಯುವ ಉಪ್ಪಿಗೆ ಹೈಪೊ ಎನ್ನುತ್ತಿದ್ದೆವು. ಅದನ್ನು ಕರಗಿಸಿದ ಹೊಸ ನೀರಿಗೆ ಮೊದಲು ನೆಗೆಟಿವ್ ಹಾಕಿ, ಆಮೇಲೆ ಜಿಪುಣತನದಿಂದ ಅದೇ ನೀರಲ್ಲಿ ವಾರಗಟ್ಟಲೆ ಪ್ರಿಂಟು ಅದ್ದುತ್ತಿದ್ದೆ. ಸತ್ವ ಹೋದ ಹೈಪೊದಿಂದ ಚಿತ್ರ ಹಳದಿಯಾಗುತ್ತದೆಂದು ಗೊತ್ತಿತ್ತು.

ಕೆಲವು ವರ್ಷಗಳ ಮೇಲೆ ಸೋಸಲೆಯ ರೈತನೊಬ್ಬ ತೀರಿಹೋದ ತಾಯಿಯ ಒಂದೇ ಒಂದು ಫೋಟೊ ತಂದ. ನಾನೇ ತೆಗೆದುಕೊಟ್ಟಿದ್ದು, ಪೂರ್ತಿ ಹಳದಿಯಾಗಿತ್ತು. "ಅವ್ವನ ಮೊಕನೇ ಕಾಣಾಕಿಲ್ಲ ಸಾ. ಬಿಸ್ಲಿಗೆ ನೇತಾಕಿ ನಾನೇ ಕೆಡಿಸ್ಬುಟ್ಟೆ," ಎಂದ.

"ಕೆಡಿಸಿದ್ದು ನಾನು ಕಣಪ್ಪ," ಎಂದು ಎಲ್ಲ ಹೇಳಿಬಿಟ್ಟೆ. ನೆಗೆಟಿವ್ ಹುಡುಕಿ ಬೆಳಕಿಗೆ ಹಿಡಿದೆ. ಅದು ಹೊಸ ನೀರಲ್ಲಿ ಮಿಂದದ್ದು, ಮುಖ ಸ್ಪಷ್ಟವಾಗಿತ್ತು.

ಹೊಸ ಪ್ರಿಂಟು ನೋಡಿ ಅವನು ನಕ್ಕ. "ನಿಮ್ಮನ್ನೇ ಬಯ್ಯೋ ಅಂಗೆ ನೋಡ್ತಾವ್ಳೆ ಸಾ!"

"ಬಯ್ಯಲಿ ಬಿಡಪ್ಪ," ಎಂದೆ. ಹೋದ ಜೀವ ಬಂದಂತಾಗಿತ್ತು.