ಮೇಲುಪ್ಪು

ಏಪ್ರಿಲ್ 17, ಗುರುವಾರ, ಬೆಳಿಗ್ಗೆ 10 ಗಂಟೆ 40 ನಿಮಿಷ. ಅಜ್ಜಂಪುರದ ನಮ್ಮ ಮನೆಯಲ್ಲಿ ಅಜ್ಜಿ ನನ್ನ ಮುಖವನ್ನೇ ನೋಡುತ್ತಾ, "ಅಕ್ಕಾ, ಎಮ್ಮೆ ಕರೆದಾಯ್ತೇನೇ?" ಎಂದಳು.

ನಮ್ಮಲ್ಲಿ ಎಮ್ಮೆ ಇಲ್ಲ. ಅಜ್ಜಿಯ ಅಕ್ಕ ನಾನು ಹುಟ್ಟುವ ಮೊದಲೇ ತೀರಿಕೊಂಡವರು. ಮಧ್ಯಾಹ್ನ ಎರಡರೊಳಗೆ ಇಂಥ ತಪ್ಪು ಮಾತು ಏಳು ಸಲ ಬಂತು. ಆಮೇಲೆ ಮಾತೇ ನಿಂತು ಮಂಪರು ಕವಿಯಿತು. ಪಕ್ಕದ ಮನೆಯವರು ಅರಳುಮರಳು ಎಂದರು. ಅಮ್ಮ ಅದನ್ನು ಒಪ್ಪಿಕೊಳ್ಳುವ ಹಾಗೆಯೇ ಕಂಡಳು. ಅರಳುಮರಳು ಹೀಗೆ ದಿಢೀರನೆ ಬರುತ್ತದೆಯೇ ಎಂಬುದು ನನ್ನ ತಕರಾರು. ನಾಲ್ಕು ದಿನದ ಹಿಂದೆ ಅಜ್ಜಿ ಚೌಕಾಬಾರದಲ್ಲಿ ನಾಲ್ಕಕ್ಕೆ ಮೂರು ಆಟ ಗೆದ್ದಿದ್ದಳು.

ಅಮ್ಮನ ತಮ್ಮ, ನನ್ನ ಮಾವ, ಊರಿನಲ್ಲೇ ಬ್ಯಾಟರಿ ಅಂಗಡಿ ಇಟ್ಟಿದ್ದಾನೆ. ಅಂಗಡಿ ಮುಚ್ಚಿ ಬಂದು ನಮ್ಮನ್ನು ತರೀಕೆರೆಗೆ ಕರೆದೊಯ್ದ. ಅಜ್ಜಿಯ ಬಿಪಿ ನೋಡುವ ಡಾಕ್ಟರು ರಕ್ತ ತೆಗೆಸಿ, ಇತ್ತೀಚೆಗೆ ಏನೇನು ತಿಂದಿದ್ದಾರೆ ಎಂದು ವಿಚಾರಿಸಿದರು. ಹಿಂದಿನ ಸಲ ಅವರು ಹೇಳಿದ್ದನ್ನು ಬರೆದುಕೊಂಡು, ಅಂದಿನಿಂದ ದಿನದಿನದ ಲೆಕ್ಕ ಇಟ್ಟಿದ್ದ ಪುಸ್ತಕವನ್ನು ನಾನು ಕೊಟ್ಟೆ. ದಿನಕ್ಕೆ ಮಾತ್ರೆ ಒಂದು, ನೀರು ಹದಿನಾಲ್ಕು ಲೋಟ, ಉಪ್ಪು ಸೊನ್ನೆ. ಇಪ್ಪತ್ತಮೂರು ದಿನ, ಇಪ್ಪತ್ತಮೂರು ಸೊನ್ನೆ.

"ನಾನು ಹೇಳಿದ್ದು ಮೇಲುಪ್ಪು ಬೇಡ ಅಂತ ಅಲ್ವೇನಮ್ಮಾ?" ಎಂದರು ಡಾಕ್ಟರು.

ಮೇಲುಪ್ಪು ಎಂದರೆ ಊಟಕ್ಕೆ ಕೂತ ಮೇಲೆ ತಟ್ಟೆಯ ಅಂಚಿಗೆ ಹಾಕಿಸಿಕೊಂಡು ಕಲಸಿಕೊಳ್ಳುವ ಉಪ್ಪು. ನನ್ನ ಪುಸ್ತಕದ ಕಾಲಂ ಕಿರಿದು. 'ಮೇಲು' ಅದರಲ್ಲಿ ಹಿಡಿಯಲಿಲ್ಲವೆಂದು 'ಉಪ್ಪು ಬೇಡ' ಎಂದಷ್ಟೇ ಬರೆದಿದ್ದೆ. ಅಮ್ಮ ಅದನ್ನು ನೋಡಿ ಅಜ್ಜಿಗೆ ಉಪ್ಪೇ ಇಲ್ಲದ ಅಡುಗೆ ಮಾಡಿದಳು. ಬಿಸಿಲೆಂದು ನೀರನ್ನು ನಾನೇ ಒತ್ತಾಯ ಮಾಡಿ ಕುಡಿಸಿದೆ. ಮಾತ್ರೆಯೂ ಮೂತ್ರದಲ್ಲಿ ಉಪ್ಪು ಕಳೆಯುವ ಜಾತಿಯದು. ರಕ್ತದಲ್ಲಿ ಸೋಡಿಯಂ 135ಕ್ಕಿಂತ ಇಳಿಯಬಾರದಂತೆ; ಅಜ್ಜಿಯದು 118.

ಅಜ್ಜಿ ಮೊದಲಿನಂತಾಗುತ್ತಾಳೆಯೇ ಎಂದು ಕೇಳಿದೆ. ಆಗಬಹುದು, ಆದರೆ ಅವಸರ ಮಾಡುವಂತಿಲ್ಲ, ಬೇಗ ಏರಿಸಿದರೆ ಮೆದುಳಿಗೇ ಪೆಟ್ಟು ಎಂದರು. ಸಣ್ಣ ಹನಿಯಲ್ಲಿ ಉಪ್ಪುನೀರಿನ ಡ್ರಿಪ್ ಶುರುವಾಯಿತು.

ಹೊರಗಿನ ಬೆಂಚಿನಲ್ಲಿ ಮಾವ ನನ್ನ ಪುಸ್ತಕ ತಿರುವಿ ನೋಡಿದ. ಆಮೇಲೆ ಅಂದ: "ಬ್ಯಾಟ್ರಿಗೆ ಸುಮ್ನೆ ನೀರು ಸುರ್ದು ಆಸಿಡ್ ತೆಳ್ಳಗೆ ಮಾಡ್ದಂಗಾಯ್ತು ಕಣೇ. ಬರೀ ನೀರು ಏನ್ ಕರೆಂಟ್ ಹೊತ್ಕಂಡ್ ಹೋಯ್ತದೆ?"

'ವಿದ್ಯುದ್ವಿಭಾಜ್ಯ' ಎಂಬ ಪದವನ್ನು ಹೈಸ್ಕೂಲಿನಲ್ಲಿ ಎರಡು ಅಂಕಕ್ಕೆ ಬಾಯಿಪಾಠ ಮಾಡಿದ್ದೆ. ನೀರಿನಲ್ಲಿ ಕರಗಿದ ಉಪ್ಪು ಒಡೆದು, ಒಂದು ಕಣ ಧನ, ಇನ್ನೊಂದು ಋಣ ಆಗುತ್ತದೆ. ವಿದ್ಯುತ್ತನ್ನು ಒಯ್ಯುವುದು ಆ ಕಣಗಳೇ. ಅದರ ನಿಜವಾದ ಅರ್ಥ ಆ ಬೆಂಚಿನ ಮೇಲೆ ಹೊಳೆಯಿತು. ನರದ ಹೊರಗೆ ಸೋಡಿಯಂ ಹೆಚ್ಚು, ಒಳಗೆ ಪೊಟ್ಯಾಸಿಯಂ ಹೆಚ್ಚು. ನರದ ಪೊರೆಯ ಬಾಗಿಲು ತೆರೆದು ಸೋಡಿಯಂ ಒಳನುಗ್ಗಿದರೆ ಸುದ್ದಿ ಮುಂದಕ್ಕೆ ಓಡುತ್ತದೆ. ಹಾಗಾದರೆ ಅಜ್ಜಿ ಚೌಕಾಬಾರದ ಕಾಯಿ ನಡೆಸಿದ್ದು, ಬೈದದ್ದು, ನನ್ನನ್ನು ಮುದ್ದಿಸಿದ್ದು ಎಲ್ಲವೂ ಅಡುಗೆಮನೆಯ ಡಬ್ಬಿಯಲ್ಲಿರುವ ಪದಾರ್ಥದ ಬಲದ ಮೇಲೆಯೇ! ಹೀಗೆ ಯೋಚಿಸಿ ನನ್ನ ಮೈ ಜುಮ್ಮೆಂದಿತು. ಆ ಜುಮ್ಮೆನ್ನುವುದಕ್ಕೂ ಉಪ್ಪೇ ಬೇಕು.

ಶುಕ್ರವಾರ 124. ಶನಿವಾರ 129, ಕಣ್ಣು ಬಿಟ್ಟಳು, ಯಾರನ್ನೂ ಕರೆಯಲಿಲ್ಲ. ಭಾನುವಾರ 133. ಬೆಳಿಗ್ಗೆ 8 ಗಂಟೆ 10 ನಿಮಿಷಕ್ಕೆ ನಾನು ಹಾಸಿಗೆಯ ಪಕ್ಕ ಬರೆಯುತ್ತಿದ್ದೆ. ಅಜ್ಜಿ ತಲೆ ಹೊರಳಿಸಿ, "ಏನ್ರೀ ಶಾನುಭೋಗ್ರೇ, ಇವತ್ತು ಎಷ್ಟು ಲೋಟ ಬರ್ಕಂಡ್ರಿ?" ಎಂದಳು. ಅಮ್ಮ ನಕ್ಕಳು, ಮಾವ ಹೊರಗೆ ಎದ್ದು ಹೋದ. ನಾನು ಬರೆಯುವುದನ್ನು ಬಿಟ್ಟೆ.

ಮನೆಗೆ ಬಂದ ವಾರದ ಮೇಲೆ, ಆ ಗುರುವಾರ ಏನಾದರೂ ನೆನಪಿದೆಯೇ ಎಂದು ಕೇಳಿದೆ.

"ನೀನು ಯಾರು ಅಂತ ಗೊತ್ತಿತ್ತು ಕಣೇ. ಕರೆಯಾಕ್ ಹೋದ್ರೆ ಬಾಯಿಗೆ ಅಕ್ಕ ಅಂತ್ಲೇ ಬತ್ತಿತ್ತು," ಎಂದಳು.

ಅಷ್ಟು ಉಪ್ಪು ಇಳಿದಿದ್ದಾಗಲೂ ಅವಳೊಳಗೆ ನನ್ನನ್ನು ಗುರುತಿಟ್ಟುಕೊಂಡು ಕೂತಿದ್ದದ್ದು ಯಾವುದು? ಹೆಸರು ಹೋದರೂ ಗುರುತು ಹೇಗೆ ಉಳಿಯಿತು? ಡಾಕ್ಟರನ್ನು ಕೇಳಿದೆ, ತಮಗೂ ಪೂರ್ತಿ ತಿಳಿಯದು ಎಂದರು. ಮೆದುಳಿನ ವಿಷಯ ಬಲ್ಲವರು, ಇಲ್ಲವೇ ಇಂಥ ಮಂಪರಿನಿಂದ ಎದ್ದುಬಂದವರ ಮನೆಯವರು ಯಾರಾದರೂ ಇದನ್ನು ಓದಿದರೆ ದಯವಿಟ್ಟು ಎರಡು ಸಾಲು ಬರೆಯಿರಿ.