ವಾಯಿದೆ ವಕೀಲ ಮೂಡಲಗಿರಿಯಪ್ಪ

ಕೋರ್ಟಿನಲ್ಲಿ ವಾದಿ, ಪ್ರತಿವಾದಿ ಅಂತ ಎರಡೇ ಜಾತಿ. ಗುಬ್ಬಿ ಕೋರ್ಟಿನಲ್ಲಿ ಮಾತ್ರ ಮೂರನೆಯದೊಂದಿತ್ತು, ವಾಯಿದೆವಾದಿ. ಆ ಜಾತಿಗೆ ಸೇರಿದವರು ಒಬ್ಬರೇ, ವಕೀಲ ಮೂಡಲಗಿರಿಯಪ್ಪನವರು.

ಹುಟ್ಟಿದ್ದು ಕುಣಿಗಲ್, ಮನೆ ಗುಬ್ಬಿ, ಆಫೀಸು ತುಮಕೂರು. ಕುದುರೆಗೆ ಹೆಸರಾದ ಊರಲ್ಲಿ ಹುಟ್ಟಿದ್ದಕ್ಕೋ ಏನೋ, ಕರೀ ಕೋಟು ಹಾಕಿಕೊಂಡ ಮೇಲೂ ಓಡುವ ಆಸೆ ಹೋಗಲಿಲ್ಲ. ಯಡಿಯೂರಿಗೆ ಹೋಗಿ ಕೈಮುಗಿದು ಬಂದು ಜಿಲ್ಲಾ ಪಂಚಾಯಿತಿಗೆ ನಿಂತರು. ಇನ್ನೇನು ಗೆದ್ದರು ಅನ್ನುವಾಗ ಒಂದೇ ಒಂದು ಹಳ್ಳಿಯ ಪೆಟ್ಟಿಗೆ ಬಿಚ್ಚಿತು, ಮುಗ್ಗರಿಸಿದರು. ಆ ಹಳ್ಳಿಯ ವೋಟೆಲ್ಲ ಚಿಕ್ಕರಂಗಯ್ಯ ಎಂಬ ಯಜಮಾನನ ಕೈಯಲ್ಲಿತ್ತು. ಮುಂದಿನ ಸಲ ಚಿಕ್ಕರಂಗಯ್ಯನನ್ನು ಒಲಿಸಿಕೊಳ್ಳದೆ ಬಿಡಬಾರದು ಅಂತ ಮೂಡಲಗಿರಿಯಪ್ಪ ಅವತ್ತೇ ತೀರ್ಮಾನಿಸಿದರು.

ಅಂದಿನಿಂದ ಸುತ್ತಲ ಯಾವ ಹಳ್ಳಿಯಲ್ಲಿ ಸಾವಾದರೂ ಅವರ ಹಾರ ಮೊದಲು ತಲುಪುತ್ತಿತ್ತು. ಕೋರ್ಟಿನಲ್ಲಿ ಮಾತ್ರ ಕಷ್ಟವಾಯಿತು. ವಕೀಲನಿಗೆ ಒಂದು ಕಡೆಯವರು ಗೆದ್ದರೆ ಸಾಕು, ರಾಜಕಾರಣಿಗೆ ಎರಡೂ ಕಡೆಯವರು ಬೇಕು. ಕಕ್ಷಿದಾರನೂ ಮತದಾರ, ಎದುರು ಕಕ್ಷಿಯೂ ಮತದಾರ. ಅದಕ್ಕೇ ಅವರು ಆದಷ್ಟು ಕೇಸುಗಳನ್ನು ರಾಜಿ ಮಾಡಿಸುತ್ತಿದ್ದರು. ರಾಜಿಯಾಗದ್ದಕ್ಕೆ ವಾಯಿದೆ ಕೇಳುತ್ತಿದ್ದರು. ತೀರ್ಪು ಬಂದರಲ್ಲವೇ ಒಬ್ಬರು ಮುನಿಸಿಕೊಳ್ಳುವುದು?

"ನೀವು ಯಾರ ಕಡೆ ಲಾಯರ್ರೀ?" ಅಂತ ಹೆಂಡತಿ ಮಹಾಲಕ್ಷ್ಮಮ್ಮ ಒಮ್ಮೆ ಕೇಳಿದರು.

"ಜನರ ಕಡೆ."

"ಹಂಗಾದ್ರೆ ಜನಾನೇ ಫೀಸು ಕೊಡ್ಲಿ. ಬೇಳೆ ಡಬ್ಬ ಖಾಲಿ."

ಇಂಥವರ ಆಫೀಸಿನ ಮೆಟ್ಟಿಲು ಹತ್ತಿ ಬಂದವಳು ಗಿರಿಯಮ್ಮ. ಗಂಡ ಸತ್ತಿದ್ದ, ಮಕ್ಕಳಿರಲಿಲ್ಲ. ವಸಂತನರಸಾಪುರದ ಒಂದು ಫ್ಯಾಕ್ಟರಿಯಲ್ಲಿ ಕಸ ಗುಡಿಸುತ್ತಾ, ಪಕ್ಕದಲ್ಲೇ ಶೀಟಿನ ಬಾಡಿಗೆ ರೂಮಿನಲ್ಲಿದ್ದಳು. ಅಪ್ಪ ಬಿಟ್ಟುಹೋದ ತೆಂಗಿನ ತೋಟದಲ್ಲಿ ಅರ್ಧ ತನಗೆ ಬರಬೇಕೆಂದು ಒಡಹುಟ್ಟಿದ ಒಬ್ಬನೇ ಅಣ್ಣನ ಮೇಲೆ ಕೇಸು ಹಾಕಲು ಬಂದಿದ್ದಳು. ಆ ಅಣ್ಣ ಯಾರು ಅಂದರೆ, ಇದೇ ಚಿಕ್ಕರಂಗಯ್ಯ!

"ಕಾಯಿ ಮಾರ್ಕಂಡು ದುಡ್ಡು ಮಾಡಾ ಆಸೆ ಇಲ್ಲ ಸಾರ್. ಹಲಸಿನ ಮರದ ಪಕ್ಕ ಒಂದ್ ಕ್ವಾಣೆ ಕಟ್ಕಂಡು ಇದ್ಬುಡ್ತೀನಿ. ಕಿಟಕಿ ಮೂಡ್ಲಕ್ಕೆ ಇಟ್ಕಂತೀನಿ, ಬೆಳಿಗ್ಗೆ ಬಿಸ್ಲು ಬೀಳ್ಲಿ ಅಂತ."

"ಮೂಡಲ ಅಂದ್ರೆ ನಾನೇ ಅಲ್ವೇನಮ್ಮಾ? ಧೈರ್ಯವಾಗಿರಿ," ಎಂದು ನಕ್ಕು ಕೇಸು ಹಿಡಿದರು. ನೇರವಾದ ಕೇಸು. ಯಾವ ಎಳೇ ವಕೀಲ ಬೇಕಾದರೂ ಗೆಲ್ಲಿಸುವಂಥದ್ದು.

ಆದರೆ ಚುನಾವಣೆ ಹತ್ತಿರವಿತ್ತು. "ಎಲೆಕ್ಷನ್ ಒಂದು ಮುಗೀಲಿ ಗಿರಿಯಮ್ಮಾ, ಆಮೇಲೆ ನೋಡಿ ನನ್ನ ವಾದಾನ," ಅಂದರು. ಅವಳು ನಂಬಿದಳು. ಇವರು ವಾಯಿದೆ ಕೇಳಿದರು. ಎದುರು ವಕೀಲರಿಗೂ ಅದೇ ಬೇಕಾಗಿತ್ತು. ಅಷ್ಟರಲ್ಲಿ ಜಿಲ್ಲಾ ಪಂಚಾಯಿತಿ ಚುನಾವಣೆಯೇ ಮುಂದಕ್ಕೆ ಹೋಯಿತು. ಕ್ಷೇತ್ರ ವಿಂಗಡಣೆ ಅಂದರು, ಮೀಸಲಾತಿ ಅಂದರು, ಮತ್ತೆ ಮುಂದಕ್ಕೆ ಹೋಯಿತು. ಮೂಡಲಗಿರಿಯಪ್ಪ ಕೋರ್ಟಿನಲ್ಲಿ ವಾಯಿದೆ ಪಡೆದರೆ, ಸರ್ಕಾರ ಅವರಿಗೇ ವಾಯಿದೆ ಕೊಡುತ್ತಿತ್ತು. ಹೀಗೆ ವರ್ಷಗಳೇ ಉರುಳಿದವು. ಬಾರದ ಚುನಾವಣೆಗಾಗಿ ಬರಬೇಕಾದ ತೀರ್ಪು ಕಾಯುತ್ತಾ ಕೂತಿತ್ತು.

ಒಂದು ಸಂಜೆ ಗಿರಿಯಮ್ಮ ಕೆಲಸ ಮುಗಿಸಿ ಫ್ಯಾಕ್ಟರಿಯ ನೀಲಿ ಸೀರೆಯಲ್ಲೇ ಆಫೀಸಿಗೆ ಬಂದಳು. ತೀರಾ ಸೊರಗಿದ್ದಳು. ಮೆಟ್ಟಿಲು ಹತ್ತಿ ಬಂದು ಮಾತಾಡಲು ಬಹಳ ಹೊತ್ತು ಸುಧಾರಿಸಿಕೊಳ್ಳಬೇಕಾಯಿತು.

"ಎಲೆಕ್ಷನ್ ಆಯ್ತಾ ಸಾರ್?"

"ಇನ್ನೂ ಇಲ್ಲಮ್ಮ."

"ಆಗ್ಲಿ ಬುಡಿ. ಎದೇಲಿ ನೀರ್ ತುಂಬ್ಕಂಡೈತಂತೆ, ಡಾಕ್ಟ್ರು ಹೇಳಿದ್ರು. ನೀವು ಗೆದ್ದಿದ್ ಮ್ಯಾಲೆ ನಾನ್ ಇರ್ತೀನೋ ಇಲ್ವೋ ಅಂತ ಕೇಳ್ದೆ ಅಷ್ಟೇ."

ಆ ಮಾತಿನಲ್ಲಿ ಕೊಂಕಿರಲಿಲ್ಲ. ಅವರಿಗೆ ತಡೆಯಲಾಗದ್ದು ಅದೇ. ಮುಂದಿನ ತಾರೀಖಿಗೆ "ವಾದಕ್ಕೆ ತಯಾರಿದ್ದೇನೆ" ಎಂದು ಎದ್ದು ನಿಂತರು. ವಾಯಿದೆ ಬರೆಯಲು ಪೆನ್ನು ಎತ್ತಿದ್ದ ನ್ಯಾಯಾಧೀಶರು ಕನ್ನಡಕದ ಮೇಲಿಂದ ಒಮ್ಮೆ ನೋಡಿದರು. ಮೂಡಲಗಿರಿಯಪ್ಪ ಅವತ್ತು ಯಾರ ವೋಟನ್ನೂ ಲೆಕ್ಕಿಸದೆ ವಾದಿಸಿದರು. ಕೋರ್ಟಿನ ಹೊರಗೆ ನಿಂತಿದ್ದ ಚಿಕ್ಕರಂಗಯ್ಯ ಮುಖ ತಿರುಗಿಸಿಕೊಂಡು ಹೋದ. ಅರ್ಧ ತೋಟ ಗಿರಿಯಮ್ಮನದೆಂದು ತೀರ್ಪಾಯಿತು. ಇನ್ನು ಸರ್ವೆಯವರು ಬಂದು ಅಳೆದು ಕಲ್ಲು ನೆಡುವುದೊಂದೇ ಬಾಕಿ.

ಅವರು ಬರುವ ಮೊದಲೇ ಗಿರಿಯಮ್ಮ ತೀರಿಕೊಂಡಳು.

ಮೂಡಲಗಿರಿಯಪ್ಪ ಎಂದಿನಂತೆ ಹಾರ ತೆಗೆದುಕೊಂಡು ಹೊರಟರು. ಕಾರು ಅಣ್ಣನ ಮನೆ ಮುಂದೆ ನಿಂತಿತು. ಚಿಕ್ಕರಂಗಯ್ಯನೇ ಓಡಿ ಬಂದು ಬಾಗಿಲು ತೆಗೆದ. ಮುಖದಲ್ಲಿ ಹಳೆಯ ಸಿಟ್ಟಿನ ಸುಳಿವೇ ಇರಲಿಲ್ಲ.

"ಬನ್ನಿ ಸಾರ್. ನೀವ್ ಕೇಸ್ ಗೆದ್ದಾಗ ಬೇಜಾರಾಗಿತ್ತು, ಸುಳ್ಳ್ಯಾಕೆ ಹೇಳ್ಲಿ. ಈಗ ನಮ್ ಲಾಯರ್ ಹೇಳಿದ್ರು, ಅಪ್ಪನ್ ಆಸ್ತಿ, ಗಂಡ ಇಲ್ಲ, ಮಕ್ಳಿಲ್ಲ, ಅವ್ಳ ಪಾಲು ತಿರ್ಗಾ ನಂಗೇ ಬತ್ತದಂತೆ." ದನಿ ತಗ್ಗಿಸಿದ. "ಎಲೆಕ್ಷನ್ ಯಾವಾಗಾದ್ರೂ ಆಗ್ಲಿ ಸಾರ್, ಈ ಸಲ ಊರಿನ್ ವೋಟೆಲ್ಲಾ ನಿಮ್ಗೇ."

ಮೂಡಲಗಿರಿಯಪ್ಪ ಇಷ್ಟು ವರ್ಷ ಕಾದದ್ದು ಈ ಒಂದು ಮಾತಿಗೆ. ಕಾನೂನು ಓದಿದವರು, ಪಾಲು ಅಣ್ಣನಿಗೇ ಹೋಗುತ್ತದೆಂದು ಬೇರೆಯವರು ಹೇಳಬೇಕಾಗಿರಲಿಲ್ಲ. ಒಂದೆರಡು ವರ್ಷ ಮೊದಲೇ ವಾದಿಸಿದ್ದರೆ ಅವಳು ಕೋಣೆ ಕಟ್ಟಿಸಿ ಹಾಲು ಉಕ್ಕಿಸಿರುತ್ತಿದ್ದಳು.

"ಎಲ್ಲಿ ಮಣ್ಣು ಮಾಡ್ತಿದೀರಿ?" ಎಂದು ಕೇಳಿದರು.

"ತೋಟದಾಗೇ ಸಾರ್. ಹಲಸಿನ್ ಮರದ ಪಕ್ಕ ಗುಣಿ ತೆಗ್ಸಿದೀನಿ."

ಮೂಡಲಗಿರಿಯಪ್ಪ ನಡೆದು ಹೋಗಿ ಗುಣಿಯ ಅಂಚಿನಲ್ಲಿ ನಿಂತರು. ಅಷ್ಟೊಂದು ಜನ ಸೇರಿದ್ದರು, ಯಾರಿಗೂ ಕೈಮುಗಿಯಲಿಲ್ಲ. ಎಳೆ ಬಿಸಿಲು ಮರದ ಸಂದಿನಿಂದ ಓರೆಯಾಗಿ ಗುಣಿಯೊಳಕ್ಕೆ ಬೀಳುತ್ತಿತ್ತು.

"ಕಿಟಕಿ ಮೂಡ್ಲಕ್ಕೆ ಇರ್ಲಿ ಅಂದಿದ್ರು," ಅಂದರು.

"ಯಾವ ಕಿಟಕಿ ಸಾರ್?" ಅಂದ ಚಿಕ್ಕರಂಗಯ್ಯ.